ಪೈಲ್ವಾನನ ಬಲ ಕುಗ್ಗಿದ ಬೇಸಿಗೆ

ಆಗ ನನಗೆ ಇಪ್ಪತ್ತಮೂರು ವರ್ಷ. ನಾಗಪುರದ ಹೊರಗಿನ ಬುಟಿಬೋರಿಯ ಒಂದು ಕಾರ್ಖಾನೆಯಲ್ಲಿ ವಿದ್ಯುತ್ ಮೀಟರುಗಳನ್ನು ತಪಾಸಣೆ ಮಾಡುವ ವಿಭಾಗದಲ್ಲಿದ್ದೆ. ಸರಿಯಾಗಿದೆ ಎಂದು ಗೊತ್ತಿರುವ ಒಂದು ಮೀಟರಿನ ಪಕ್ಕದಲ್ಲಿ ಹೊಸದನ್ನು ಕೂರಿಸಿ, ಎರಡಕ್ಕೂ ಒಂದೇ ಕರೆಂಟು ಹರಿಸಿ, ಹೊಸದು ಎಲ್ಲಿ ತಪ್ಪುತ್ತದೆ ಎಂದು ಕಾಯುವುದು ನನ್ನ ಕೆಲಸ. ಯಾವುದನ್ನೂ ನಂಬದೆ ಇರುವುದಕ್ಕೇ ಅಲ್ಲಿ ನನಗೆ ಸಂಬಳ. ಕಂಪನಿ ಬಸ್ಸಿನಿಂದ ಇಳಿದ ಮೇಲೂ ಆ ಚಾಳಿ ನನ್ನನ್ನು ಬಿಡುತ್ತಿರಲಿಲ್ಲ. ಹಾಲಿನವನು ಹಾಲು ಅಳೆಯುವಾಗ ನಾನು ಅವನ ಹೆಬ್ಬೆರಳನ್ನೇ ನೋಡುತ್ತಿದ್ದೆ.

ಅಪ್ಪ ರೈಲ್ವೆ ನೌಕರಿಗಾಗಿ ಗದಗದ ಕಡೆಯಿಂದ ನಾಗಪುರಕ್ಕೆ ಬಂದವರು. ಊರಿನ ಹಳೆಯ ಭಾಗವಾದ ಮಹಾಲಿನ ಒಂದು ವಾಡೆಯ ಮೇಲಿನ ಎರಡು ಕೋಣೆಗಳಲ್ಲಿ ನಮ್ಮ ಮನೆ. ನನಗಿಂತ ಐದು ವರ್ಷ ದೊಡ್ಡವಳಾದ ಅಕ್ಕ ಒಂದು ಶಾಲೆಯಲ್ಲಿ ವಿಜ್ಞಾನ ಕಲಿಸುತ್ತಿದ್ದಳು. ಮನೆಯಲ್ಲಿ ಕನ್ನಡ, ಮೆಟ್ಟಿಲಿಳಿದರೆ ಮರಾಠಿ, ಬಸ್ಸು ಹತ್ತಿದರೆ ಹಿಂದಿ. ಹೊರಗೆ ಕನ್ನಡ ನಮಗೆ ಬೇರೆಯದೇ ಕೆಲಸಕ್ಕೆ ಬರುತ್ತಿತ್ತು. ಅಂಗಡಿಯವನ ಎದುರಿಗೇ ನಿಂತು, ಮುಖದಲ್ಲಿ ನಗು ಇಟ್ಟುಕೊಂಡೇ, "ಇವ ಸುಳ್ಳು ಹೇಳಾಕತ್ಯಾನ, ನಡಿ ಮುಂದಿನ ಅಂಗಡಿಗೆ ಹೋಗೂಣು" ಎಂದು ಹೇಳಬಹುದಿತ್ತು. ಅವ್ವನಿಂದಲೇ ಕಲಿತ ವಿದ್ಯೆ ಅದು. ನಮ್ಮ ಮಾತು ಯಾರಿಗೂ ತಿಳಿಯುವುದಿಲ್ಲ ಎಂಬ ಧೈರ್ಯದಲ್ಲಿ ನಾವು ಬೀದಿಯ ಮೇಲೆ ಸಾಕಷ್ಟು ಜನರನ್ನು ಕಳ್ಳರನ್ನಾಗಿ ಮಾಡಿದ್ದೇವೆ.

ಎರಡು ಓಣಿ ಆಚೆ ಒಂದು ಇಂಟರ್ನೆಟ್ ಕೆಫೆ ಇತ್ತು. ಮೊದಲು ಎಸ್‌ಟಿಡಿ ಬೂತ್ ಆಗಿದ್ದ ಕೋಣೆ. ಗೋಡೆಗುಂಟ ಎಂಟು ಕಂಪ್ಯೂಟರು, ಕಿಟಕಿಯಲ್ಲಿ ಗಡಗಡ ಎನ್ನುವ ಕೂಲರು, ಬಾಗಿಲ ಪಕ್ಕದ ಕೌಂಟರಿನಲ್ಲಿ ಮಾಲೀಕರದೇ ಒಂಬತ್ತನೆಯ ಕಂಪ್ಯೂಟರು. ನಲವತ್ತರ ಆಸುಪಾಸಿನ, ಮಾತು ಕಡಿಮೆಯ ಮನುಷ್ಯ. ಎಲ್ಲರೂ ಅವರನ್ನು ಭಾಊ ಎಂದು ಕರೆಯುತ್ತಿದ್ದರು. ಮರಾಠಿಯಲ್ಲಿ ಅಣ್ಣ ಎಂದರ್ಥ. ಭಾನುವಾರ ಮಧ್ಯಾಹ್ನ ನಾವು ಅಲ್ಲಿ ಗುಂಡು ಹಾರಿಸುವ ಕಂಪ್ಯೂಟರ್ ಆಟ ಆಡುತ್ತಿದ್ದೆವು.

ನಾಲ್ವರು ಒಂದು ಕಡೆ, ನಾಲ್ವರು ಇನ್ನೊಂದು ಕಡೆ. ಎದುರಾಳಿಗಳ ಕೋಟೆಯೊಳಗೆ ನುಗ್ಗಿ ಅಲ್ಲಿನ ಕಂಬದ ಬಳಿ ಹತ್ತು ಸೆಕೆಂಡು ಜೀವಂತ ನಿಂತರೆ ಗೆದ್ದಂತೆ. ಪಾತ್ರಗಳಿಗೆ ಇಂಗ್ಲಿಷಿನಲ್ಲಿ ಏನೇನೋ ಹೆಸರುಗಳಿದ್ದವು. ನಾವು ನಮ್ಮವೇ ಇಟ್ಟುಕೊಂಡಿದ್ದೆವು. ದೊಡ್ಡ ಬಂದೂಕಿನ ದಪ್ಪ ಆಳು ಪೈಲ್ವಾನ. ಗಾಯ ವಾಸಿ ಮಾಡುವವನು ಡಾಕ್ಟರು. ತಾನೇ ತಿರುಗಿ ಗುಂಡು ಹಾರಿಸುವ ಯಂತ್ರವನ್ನು ಕಟ್ಟುವವನು ಮಿಸ್ತ್ರಿ. ಸಣಕಲು ಮೈಯ, ಎಲ್ಲರಿಗಿಂತ ವೇಗದವನು ಓಟಗಾರ.

ನಾನು ಪೈಲ್ವಾನ. ಅಕ್ಕ ಡಾಕ್ಟರು. ಈಮೇಲ್ ನೋಡುವ ನೆಪದಲ್ಲಿ ನನ್ನ ಜೊತೆ ಬಂದವಳು ಒಂದು ದಿನ ಖಾಲಿ ಕುರ್ಚಿಯಲ್ಲಿ ಕುಳಿತು ಆಟ ಹಿಡಿದಳು, ಆಮೇಲೆ ಬಿಡಲಿಲ್ಲ. ಮಿಸ್ತ್ರಿ ನಮ್ಮ ವಾಡೆಯ ಕೆಳಮನೆಯ ಕಾಕಾ. ವಿಜಾಪುರದವರು, ಬ್ಯಾಂಕಿನಲ್ಲಿ ಗುಮಾಸ್ತರು, ಐವತ್ತು ದಾಟಿದ್ದರೂ ಆ ಯಂತ್ರ ಕಟ್ಟುವುದರಲ್ಲಿ ಚಿಕ್ಕ ಮಕ್ಕಳ ಹುರುಪು. ನಾಲ್ಕನೆಯವರು ಸ್ವತಃ ಭಾಊ. ಕೌಂಟರಿನಲ್ಲಿ ಕುಳಿತೇ ಓಟಗಾರನನ್ನು ಆಡಿಸುತ್ತಿದ್ದರು. ನಮ್ಮ ಎದುರಿಗೆ ಮೆಡಿಕಲ್ ಓದುವ ನಾಲ್ವರು ಹುಡುಗರು. ಒಂದೂವರೆ ವರ್ಷದಲ್ಲಿ ಅವರು ನಮ್ಮನ್ನು ಸೋಲಿಸಿದ್ದು ಬೆರಳಲ್ಲಿ ಎಣಿಸುವಷ್ಟು ಸಲ.

ಅದಕ್ಕೆ ಕಾರಣ ನಾನು ಎಂದು ನಾನು ನಂಬಿದ್ದೆ. ಆಗ ನಾವು ಆಡುತ್ತಿದ್ದುದು ಆ ಆಟದ ಮೊದಲ ಭಾಗ. ಅದರಲ್ಲಿ ಪೈಲ್ವಾನ ಒಂದು ಮೂಲೆಯಲ್ಲಿ ಸುಮ್ಮನೆ ನಿಂತರೆ ಗಾಯ ತಾನಾಗಿಯೇ ಮಾಯುತ್ತಿತ್ತು. ಗುಂಡಿ ಒತ್ತಿದ ಕೂಡಲೇ ಬಂದೂಕು ಸಿಡಿಯುತ್ತಿತ್ತು. ಡಾಕ್ಟರು ಔಷಧದ ಪೊಟ್ಟಣಗಳನ್ನು ನೆಲದ ಮೇಲೆ ಎಸೆಯುತ್ತಿದ್ದ. ಯಾರು ಬೇಕಾದರೂ ಎತ್ತಿಕೊಳ್ಳಬಹುದು. ಅಕ್ಕ ಎಸೆದಿದ್ದರಲ್ಲಿ ಮುಕ್ಕಾಲು ಪಾಲು ನಾನೇ ಎತ್ತಿಕೊಂಡು ನಮ್ಮ ಕೋಟೆಯ ಬಾಗಿಲಿಗೆ ಹೋಗಿ ನಿಲ್ಲುತ್ತಿದ್ದೆ. ಒಬ್ಬನೇ ನಾಲ್ವರನ್ನೂ ತಡೆದ ಭಾನುವಾರಗಳಿವೆ.

ಆ ವರ್ಷ ಬಿಸಿಲು ಏರುವ ಹೊತ್ತಿಗೆ ಆಟದ ಎರಡನೆಯ ಭಾಗ ಬಂತು. ಭಾಊ ಡಿಸ್ಕ್ ತರಿಸಿ ಎಲ್ಲ ಕಂಪ್ಯೂಟರುಗಳಿಗೂ ಹಾಕಿದರು. ಮೊದಲ ಭಾನುವಾರ ನಾನು ಎಂದಿನಂತೆ ಬಾಗಿಲಿಗೆ ಹೋಗಿ ನಿಂತೆ. ಸತ್ತೆ. ಮತ್ತೆ ಹೋದೆ, ಮತ್ತೆ ಸತ್ತೆ. ಗುಂಡಿ ಒತ್ತಿದರೆ ಬಂದೂಕಿನ ನಳಿಗೆ ಮೊದಲು ಗಿರ್ರೆಂದು ತಿರುಗುತ್ತಿತ್ತು, ಆಮೇಲೆ ಗುಂಡು. ಅಷ್ಟರಲ್ಲಿ ನಾನು ಮುಗಿದಿರುತ್ತಿದ್ದೆ. ಮೂಲೆಯಲ್ಲಿ ನಿಂತರೆ ಗಾಯ ಮಾಯುತ್ತಿರಲಿಲ್ಲ. ನೆಲದ ಮೇಲೆ ಪೊಟ್ಟಣಗಳೇ ಇರಲಿಲ್ಲ. ಇನ್ನು ಮುಂದೆ ಡಾಕ್ಟರು ಒಬ್ಬನನ್ನು ಆರಿಸಿ, ಅವನ ಕಡೆ ನೋಡುತ್ತ ನಿಂತರೆ ಮಾತ್ರ ಅವನ ಗಾಯ ವಾಸಿಯಾಗುವುದು. ಹಾಗೆ ವಾಸಿಯಾದವನು ಸ್ವಲ್ಪ ಹೊತ್ತು ಜೋರಾಗಿಯೂ ಓಡುತ್ತಿದ್ದ.

ಅವತ್ತು ನಾವು ಐದಕ್ಕೆ ಐದೂ ಸೋತೆವು. ಮೆಡಿಕಲ್ ಹುಡುಗರು ಖಾರದ ರಸ ಸುರಿದ ಅವಲಕ್ಕಿ, ತರ್ರಿ ಪೋಹೆ, ತಿನ್ನಲು ನಗುತ್ತ ಹೋದರು.

ಮೊದಲು ನನ್ನ ಅನುಮಾನ ಇಲಿಯ ಮೇಲೆ, ಅಂದರೆ ಮೌಸ್ ಮೇಲೆ. ಮುಂದಿನ ಭಾನುವಾರ ಬೇರೆ ಕಂಪ್ಯೂಟರಿಗೆ ಹೋದೆ. ಅಲ್ಲೂ ಅದೇ ಕಥೆ. ಆಮೇಲೆ ಡಿಸ್ಕ್ ಮೇಲೆ. ಈ ಅನುಮಾನಕ್ಕೆ ಕಾಕಾ ಗಾಳಿ ಹಾಕಿದರು. ಅವರ ಮಿಸ್ತ್ರಿ ಯಂತ್ರ ಕಟ್ಟಲು ಈಗ ಹೆಚ್ಚು ಹೊತ್ತು ಹಿಡಿಯುತ್ತಿತ್ತು, ಕಟ್ಟಿದ್ದೂ ಬೇಗ ಕೆಡುತ್ತಿತ್ತು.

"ಎರಡನೇ ಭಾಗ ಅಂದ್ರ ನಂಬಬಾರದಪ್ಪಾ," ಎಂದರು ಮೆಟ್ಟಿಲ ಮೇಲೆ ಕುಳಿತು. "ಹಳೇದು ಬರೋಬರ್ ಇತ್ತಂದ್ರ ಹೊಸಾದು ಯಾರು ತಗೋತಾರ? ಅದಕ್ಕ ಬೇಕಂತನ ಕೆಡಸ್ತಾರ."

"ಆದ್ರ ಓಟಗಾರ ಕೆಟ್ಟಿಲ್ಲಲ್ಲ ಕಾಕಾ. ಅವ ಮೊದಲಿಗಿಂತ ಚಲೋ ಓಡಾಕತ್ಯಾನ."

ಕಾಕಾ ನನ್ನ ಮುಖ ನೋಡಿದರು. ಇಬ್ಬರಿಗೂ ಒಂದೇ ವಿಚಾರ ಹೊಳೆಯಿತು. ಓಟಗಾರನನ್ನು ಆಡಿಸುವವರು ಭಾಊ. ಆಟ ನಡೆಯುವುದು ಭಾಊ ಅವರ ಕಂಪ್ಯೂಟರಿನ ಮೂಲಕ. ಯಾರ ಬಲ ಎಷ್ಟಿರಬೇಕು ಎಂಬುದನ್ನು ಅಲ್ಲಿ ಒಂದು ಫೈಲಿನಲ್ಲಿ ಬದಲಾಯಿಸಬಹುದು ಎಂದು ನನ್ನ ಜೊತೆ ಕೆಲಸ ಮಾಡುವವನೊಬ್ಬ ಹೇಳಿದ್ದ.

ಅಂದಿನಿಂದ ನಾನು ಆಟ ನೋಡುವುದು ಬಿಟ್ಟು ಭಾಊ ಅವರನ್ನು ನೋಡತೊಡಗಿದೆ. ಅವರು ಕೌಂಟರಿನಲ್ಲಿ ಏನನ್ನೋ ಟೈಪು ಮಾಡುತ್ತಿದ್ದರು. ನಾನು ಹತ್ತಿರ ಹೋದರೆ ಪರದೆಯ ಮೇಲಿದ್ದುದನ್ನು ಮುಚ್ಚುತ್ತಿದ್ದರು. ಇನ್ನೊಂದು ಗುರುತೂ ಸಿಕ್ಕಿತು. ಆಡುವವರು ಪರಸ್ಪರ ಬರೆದುಕೊಳ್ಳುವ ಸಾಲುಗಳು ಪರದೆಯ ಕೆಳಗೆ ಬರಬೇಕು. ವಾರದ ನಡುವೆ, ಮೊದಲ ಪಾಳಿ ಮುಗಿಸಿ ಸಂಜೆ ಹೋದಾಗ, ಆ ಸಾಲುಗಳು ಬರುತ್ತಿದ್ದವು. ಭಾನುವಾರ ಮಾತ್ರ ಬರುತ್ತಿರಲಿಲ್ಲ. ಅಂದರೆ ಭಾನುವಾರಕ್ಕೆಂದೇ ಯಾರೋ ಏನನ್ನೋ ಬದಲಿಸುತ್ತಿದ್ದರು.

ಕಾರ್ಖಾನೆಯಲ್ಲಿ ಮಾಡುವುದನ್ನೇ ಇಲ್ಲೂ ಮಾಡಿದೆ. ಒಂದು ಬುಧವಾರ ಸಂಜೆ ಕಾಕಾ ಅವರನ್ನು ಕರೆದುಕೊಂಡು ಹೋಗಿ ನನ್ನ ಎದುರಾಳಿಯಾಗಿ ಕೂರಿಸಿದೆ. ಒಂದು ಕಂಪ್ಯೂಟರಿನಲ್ಲಿ ಅವರು ಅಲುಗಾಡದೆ ನಿಲ್ಲುವುದು, ಇನ್ನೊಂದರಲ್ಲಿ ನಾನು ಗುಂಡು ಹಾರಿಸುವುದು, ಎಷ್ಟು ಗುಂಡಿಗೆ ಬೀಳುತ್ತಾರೆಂದು ಚೀಟಿಯಲ್ಲಿ ಬರೆಯುವುದು. ಕುರ್ಚಿ ಬದಲಿಸಿ ಮತ್ತೆ. ನಳಿಗೆ ತಿರುಗುವುದಕ್ಕೆ ಎಷ್ಟು ಹೊತ್ತೆಂದು ಕೈಗಡಿಯಾರ ನೋಡಿ ಮತ್ತೆ. ಎಲ್ಲ ಕಂಪ್ಯೂಟರುಗಳಲ್ಲೂ ಒಂದೇ ಲೆಕ್ಕ ಬಂತು. ಬೇರೆ ಯಾರಾದರೂ ಇದರಿಂದ ಸಮಾಧಾನ ಪಡುತ್ತಿದ್ದರು. ನನಗೆ ಮಾತ್ರ ಅನುಮಾನ ಇನ್ನಷ್ಟು ಗಟ್ಟಿಯಾಯಿತು. ಬುಧವಾರ ಎಲ್ಲವೂ ಸರಿಯಿದೆ ಎಂದರೆ ಮೋಸ ನಡೆಯುವುದು ಭಾನುವಾರವೇ. ಭಾಊ ಕೌಂಟರಿನಿಂದ ನಮ್ಮನ್ನು ನೋಡುತ್ತಲೇ ಇದ್ದರು. ಏನು ಮಾಡುತ್ತಿದ್ದೀರಿ ಎಂದು ಒಮ್ಮೆಯೂ ಕೇಳಲಿಲ್ಲ. ಅದೂ ನನಗೆ ಸರಿಬರಲಿಲ್ಲ.

ಅಕ್ಕನ ಮೇಲೂ ಅನುಮಾನ ಬಂದದ್ದನ್ನು ಇಲ್ಲಿ ಮುಚ್ಚಿಡಬಾರದು. ಅವಳು ಗುಣ ಮಾಡುತ್ತಿದ್ದುದು ಹೆಚ್ಚಾಗಿ ಕಾಕಾ ಅವರನ್ನು, ಭಾಊ ಅವರನ್ನು. ನಾನು ಬಾಗಿಲಲ್ಲಿ ಸಾಯುತ್ತಿದ್ದೆ. ಒಂದು ಸಂಜೆ ಅವಳು ರೊಟ್ಟಿ ಬಡಿಯುತ್ತಿದ್ದಾಗ ಕೇಳಿಯೇಬಿಟ್ಟೆ.

"ನೀ ನನ್ನ ಕಡೆ ಯಾಕ ನೋಡವಲ್ಲಿ?"

"ಎಲ್ಲೆ?"

"ಆಟದಾಗ."

ಅವಳು ಕೈ ನಿಲ್ಲಿಸಲಿಲ್ಲ. "ನೀ ಒಬ್ಬನ ಹೋಗಿ ಆ ಬಾಗಿಲದಾಗ ನಿಂದರತಿ. ಗೋಡಿ ಆಚೆ ಇದ್ದಾಂವನ್ನ ಈಚೆಯಿಂದ ಹೆಂಗ ನೋಡ್ಲಿ? ಕಾಕಾ ಆದ್ರ ಒಂದ ಕಡೆ ಇರತಾರ. ಭಾಊ ಅಂತೂ ಗಾಯ ಆದ ಕೂಡಲೇ ನನ್ನ ಹತ್ರ ಓಡಿ ಬರತಾರ."

"ಮೊದಲ ಆಟದಾಗ ಎಲ್ಲಾ ಚಲೋ ನಡೀತಿತ್ತಲ್ಲ?"

"ನಿನಗ ಚಲೋ ನಡೀತಿತ್ತು," ಎಂದಳು ಅಕ್ಕ. "ನಾ ಒಗದಿದ್ದು ಎತಗೊಂಡು ಹೋಗತಿದ್ದಿ. ನಾ ಎಲ್ಲಿ ಇದೀನಿ, ಸತ್ತೀನೋ ಬದುಕೀನೋ, ಹೊಳ್ಳಿ ನೋಡ್ತಿರಲಿಲ್ಲ. ಈಗರ ನೀವು ನನ್ನ ಹುಡಕೊಂಡು ಬರಬೇಕು. ನನಗ ಈ ಆಟನ ಚಲೋ ಅನಿಸತೈತಿ."

ಭಾಊ ಓಡಿ ಬರುತ್ತಾರೆ ಎಂದು ಅವಳು ಹೇಳಿದ್ದೊಂದೇ ನನ್ನ ತಲೆಯಲ್ಲಿ ಉಳಿಯಿತು.

ಆ ನಡುವೆ ಕೆಫೆಯಲ್ಲಿ ಕುಳಿತಾಗಲೆಲ್ಲ ಕನ್ನಡದಲ್ಲಿ ಅಕ್ಕನಿಗೆ ಹೇಳುತ್ತಲೇ ಇದ್ದೆ. "ಈ ಮನಿಷ್ಯಾ ಏನೋ ಕೈ ಆಡಸ್ಯಾನ ನೋಡು." "ನೋಡು, ಮತ್ತ ಏನೋ ಮುಚ್ಚಿದ." ನಾಲ್ಕು ಮಾರು ದೂರದಲ್ಲಿ ಭಾಊ ಕುಳಿತಿರುತ್ತಿದ್ದರು. ಅಕ್ಕ ಸುಮ್ಮನಿರು ಎಂದು ಕಣ್ಣಿನಲ್ಲೇ ಹೇಳುತ್ತಿದ್ದಳು. ಅವರಿಗೆ ತಿಳಿಯುತ್ತದೆಂದು ಅಲ್ಲ. ಕೇಳಿ ಕೇಳಿ ಅವಳಿಗೇ ಬೇಸರವಾಗಿತ್ತು.

ಮೇ ತಿಂಗಳ ಒಂದು ಭಾನುವಾರ ಅದು ನಡೆಯಿತು. ಕೂಲರಿನಲ್ಲಿ ನೀರು ಮುಗಿದು ಬಿಸಿಗಾಳಿಯೇ ಬರುತ್ತಿತ್ತು. ಮೆಡಿಕಲ್ ಹುಡುಗರ ಎದುರು ಎರಡು ಸುತ್ತು ಗೆದ್ದಿದ್ದೆವು, ಎರಡು ಸೋತಿದ್ದೆವು. ಕೊನೆಯ ಸುತ್ತಿನಲ್ಲಿ ಭಾಊ ಅವರ ಓಟಗಾರ ಎದುರಾಳಿ ಕೋಟೆಯೊಳಗೆ ಸೇರಿಬಿಟ್ಟಿದ್ದ. ಅಕ್ಕ ಅವನ ಹಿಂದಿದ್ದಳು. ನಾನು ಅರ್ಧ ಜೀವದಲ್ಲಿ ಹೊರಗಿದ್ದೆ. ಒಳಗೆ ಹೋಗಿ ಅವರಿಬ್ಬರ ಮುಂದೆ ನಿಂತಿದ್ದರೆ ಗೆಲ್ಲುತ್ತಿದ್ದೆವೇನೋ. ನಾನು ಹೋಗಲಿಲ್ಲ. ನನ್ನ ಕಡೆ ಬಾ ಎಂದು ಅಕ್ಕನನ್ನು ಕರೆದೆ. ಅವಳು ಬರಲಿಲ್ಲ. ಕಂಬದ ಬಳಿ ಓಟಗಾರ ಬಿದ್ದ, ಡಾಕ್ಟರು ಬಿದ್ದ, ಆಟ ಹೋಯಿತು.

ನಾನು ಹೆಡ್‌ಫೋನ್ ಕಿತ್ತು ಮೇಜಿನ ಮೇಲೆ ಹಾಕಿದೆ. ಕನ್ನಡದಲ್ಲಿ, ದನಿ ತಗ್ಗಿಸದೆ, "ಇವ ಕಳ್ಳ ಇದ್ದಾನ. ಎಲ್ಲಾ ತನಗ ಬೇಕಾದಂಗ ತಿದ್ದಕೊಂಡು ಕುಂತಾನ. ನೀನೂ ಅವನ ಜೋಡಿ ಸೇರೀಯೇನು?" ಎಂದೆ.

ಮೆಡಿಕಲ್ ಹುಡುಗರಿಗೆ ಏನೂ ತಿಳಿಯಲಿಲ್ಲ. ಚೀಲ ಎತ್ತಿಕೊಂಡು ಹೊರಟರು. ಅವರು ಬಾಗಿಲು ದಾಟುವವರೆಗೂ ಭಾಊ ಕಾದರು. ಆಮೇಲೆ ಎದ್ದು, ತಮ್ಮ ಕಂಪ್ಯೂಟರಿನ ಪರದೆಯನ್ನು ಎರಡೂ ಕೈಯಲ್ಲಿ ಹಿಡಿದು ನಮ್ಮ ಕಡೆ ತಿರುಗಿಸಿದರು.

"ನಾ ಕಳ್ಳ ಅಲ್ಲಪ್ಪಾ," ಎಂದರು. "ಬಾ, ನೋಡು."

ಕನ್ನಡ. ಸೊಲ್ಲಾಪುರದ ಕಡೆಯ, ಸ್ವಲ್ಪ ಎಳೆದಾಡುವ, ಬಹಳ ದಿನ ಬಳಸದೆ ಇಟ್ಟಂಥ ಕನ್ನಡ.

ಕಾಕಾ ಕುರ್ಚಿಯಿಂದ ಅರ್ಧ ಎದ್ದವರು ಹಾಗೆಯೇ ನಿಂತರು. ಒಂದೂವರೆ ವರ್ಷದಲ್ಲಿ ಆ ಕೋಣೆಯಲ್ಲಿ ನಾವು ಏನೇನು ಮಾತಾಡಿದ್ದೆವು ಎಂಬುದು ನನಗೆ ಒಂದೊಂದಾಗಿ ನೆನಪಿಗೆ ಬರತೊಡಗಿತು. ಅವರ ಹರಿದ ಚಪ್ಪಲಿಯ ಬಗ್ಗೆ ನಾನು ಮಾಡಿದ ತಮಾಷೆ. ಈ ವಯಸ್ಸಾದರೂ ಇವರಿಗೆ ಹೆಣ್ಣು ಯಾಕೆ ಸಿಕ್ಕಿಲ್ಲ ಎಂದು ಕಾಕಾ ಆಡಿದ ಮಾತು.

ಅಕ್ಕ ಎದ್ದು ಹೋಗಿ ಪರದೆ ನೋಡಿದಳು. ಅಲ್ಲಿದ್ದುದು ಆಟದ ಡಿಸ್ಕಿನೊಳಗೇ ಬಂದ ಇಂಗ್ಲಿಷ್ ಟಿಪ್ಪಣಿ. ಯಾವ ಪಾತ್ರದಲ್ಲಿ ಏನು ಬದಲಾಗಿದೆ, ಯಾಕೆ ಎಂದು ಆಟ ಮಾಡಿದವರೇ ಬರೆದದ್ದು. ಅದರ ಕೆಳಗೆ ಭಾಊ ಅದನ್ನು ಒಂದೊಂದೇ ಸಾಲಾಗಿ ಮರಾಠಿಗೆ ಇಳಿಸುತ್ತಿದ್ದರು. ಮುಗಿದ ಮೇಲೆ ಗೋಡೆಗೆ ಅಂಟಿಸಬೇಕೆಂದಿದ್ದರಂತೆ. ಅವರ ಇಂಗ್ಲಿಷ್ ಅಷ್ಟಕ್ಕಷ್ಟೆ, ತಪ್ಪಾದರೆ ಮೆಡಿಕಲ್ ಹುಡುಗರು ನಗುತ್ತಾರೆಂದು ಯಾರಾದರೂ ಬಂದರೆ ಮುಚ್ಚುತ್ತಿದ್ದರು.

ಅಕ್ಕ ಇಂಗ್ಲಿಷ್ ಟಿಪ್ಪಣಿಯನ್ನು ಓದಿ ನಮಗೆ ಕನ್ನಡದಲ್ಲಿ ಹೇಳಿದಳು. ಮೊದಲ ಆಟದಲ್ಲಿ ಪೈಲ್ವಾನನಿಗೆ ಯಾರ ಹಂಗೂ ಇರಲಿಲ್ಲ, ಅದಕ್ಕೆ ತಾನಾಗಿ ಗಾಯ ಮಾಯುವುದನ್ನು ತೆಗೆದುಹಾಕಿದ್ದಾರೆ. ಡಾಕ್ಟರನ್ನು ಆಡಲು ಯಾರೂ ಮುಂದೆ ಬರುತ್ತಿರಲಿಲ್ಲ, ಅದಕ್ಕೆ ಆ ಪಾತ್ರಕ್ಕೆ ಆರಿಸುವ ಅಧಿಕಾರ ಕೊಟ್ಟಿದ್ದಾರೆ. ಓಟಗಾರನ ಮೈಯನ್ನು ಇನ್ನೂ ಮೆತ್ತಗೆ ಮಾಡಿ, ಬದಲಿಗೆ ವೇಗ ಹೆಚ್ಚಿಸಿದ್ದಾರೆ. ಎಲ್ಲ ಊರಿನಲ್ಲಿ, ಎಲ್ಲರಿಗೂ ಹಾಗೆಯೇ. ಅವಳು ಓದುತ್ತಿದ್ದಾಗ ನನಗೆ ನಾನು ಯಾವತ್ತೂ ಒಳ್ಳೆಯ ಆಟಗಾರನಾಗಿರಲಿಲ್ಲ ಎಂಬುದು ಅರ್ಥವಾಯಿತು. ಬಲ ಪೈಲ್ವಾನನದಾಗಿತ್ತು. ಅದನ್ನು ಯಾರೋ ದೂರದಲ್ಲಿ ಕುಳಿತು ಕೊಟ್ಟಿದ್ದರು, ಅವರೇ ತೆಗೆದುಕೊಂಡಿದ್ದರು.

ಆದರೂ ನಾನು ಬಿಡಲಿಲ್ಲ. "ಮತ್ತ ಐತವಾರ ಆ ಬರಹ ಯಾಕ ಬರೂದಿಲ್ಲ?" ಎಂದು ಕೇಳಿದೆ.

ಭಾಊ ಅಕ್ಕನ ಕಡೆ ನೋಡದೆ ಹೇಳಿದರು. "ಅದು ನಾನ ಬಂದ ಮಾಡೀನಿ. ಆ ಹುಡುಗ್ರು ಹೊಲಸು ಹೊಲಸು ಬರೀತಿದ್ರು. ನಿಮ್ಮ ಅಕ್ಕಾರು ಆಡೂ ದಿವಸ ಬ್ಯಾಡ ಅಂತ."

ನಾವು ಮೂವರೂ ಮನೆಗೆ ಬಂದೆವು. ಅಕ್ಕ ನನ್ನಿಂದ ಹತ್ತು ಹೆಜ್ಜೆ ಮುಂದೆ ನಡೆದಳು.

ಮೂರು ವಾರ ನಾನು ಆ ಓಣಿಗೆ ಹೋಗಲಿಲ್ಲ. ಅಕ್ಕ ಮರುವಾರವೇ ಹೋದಳು. ಅವರ ಕ್ಷಮೆ ಕೇಳಿ ಬಂದಳಂತೆ. ನನಗೆ ಅದನ್ನೂ ಅವ್ವನ ಮೂಲಕ ಹೇಳಿಸಿದಳು. ಕೊನೆಗೆ ಒಂದು ದಿನ ಮೊದಲ ಪಾಳಿ ಮುಗಿಸಿ ಬಂದವನು ಮನೆಗೆ ಹೋಗದೆ ನೇರ ಕೆಫೆಗೆ ಹೋದೆ. ಲೋಡ್ ಶೆಡ್ಡಿಂಗ್ ಹೊತ್ತು. ಕಂಪ್ಯೂಟರುಗಳೆಲ್ಲ ಆರಿದ್ದವು. ಭಾಊ ಬಾಗಿಲು ಪೂರ್ತಿ ತೆಗೆದು, ಬನಿಯನ್ನಿನಲ್ಲಿ ಕುಳಿತು ಪೇಪರಿನಿಂದ ಗಾಳಿ ಹಾಕಿಕೊಳ್ಳುತ್ತಿದ್ದರು. ನನ್ನನ್ನು ಕಂಡು ಅಂಗಿ ಹಾಕಿಕೊಂಡರು.

"ತಪ್ಪಾತು," ಎಂದೆ.

"ಕುಂದರು," ಎಂದರು.

ಅವರ ತಾಯಿ ಅಕ್ಕಲಕೋಟೆಯ ಕಡೆಯ ಹಳ್ಳಿಯವರು. ಮದುವೆಯಾಗಿ ನಾಗಪುರಕ್ಕೆ ಬಂದ ಮೇಲೆ ಮನೆಯಲ್ಲಿ ಅವರ ಕನ್ನಡ ಯಾರಿಗೂ ಬೇಕಿರಲಿಲ್ಲ. ಮಗನ ಹತ್ತಿರ ಮಾತ್ರ, ಅದೂ ಅಡುಗೆಮನೆಯಲ್ಲಿ, ಆಡುತ್ತಿದ್ದರಂತೆ. ಅವರು ತೀರಿಹೋಗಿ ಹತ್ತು ವರ್ಷವಾಗಿತ್ತು.

"ನೀವು ಮೊದಲನ ಹೇಳಬೇಕಿತ್ತು, ಕನ್ನಡ ಬರತೈತಿ ಅಂತ," ಎಂದೆ.

"ಹೇಳಿದ್ರ ನೀವು ಬಂದ ಮಾಡತಿದ್ರಿ. ನನ್ನ ಮುಂದ ಮರಾಠಿನ ಮಾತಾಡತಿದ್ರಿ." ಪೇಪರನ್ನು ಕೌಂಟರಿನ ಮೇಲೆ ಇಟ್ಟು, "ನೀವು ಅಕ್ಕ ತಮ್ಮ ಜಗಳಾ ಆಡೂದು ಕೇಳತಿದ್ದೆ. ನನಗ ಮನ್ಯಾಗ ಕುಂತಂಗ ಅನಸ್ತಿತ್ತು," ಎಂದರು.

ಆ ಹೊತ್ತಿನಲ್ಲೂ ನನ್ನೊಳಗಿನ ತಪಾಸಣೆಯವನು ಸುಮ್ಮನೆ ಕುಳಿತಿರಲಿಲ್ಲ. ಇದನ್ನೂ ಇವರು ನನ್ನನ್ನು ನಾಚಿಸಲು ಕಟ್ಟಿ ಹೇಳುತ್ತಿದ್ದಾರೇನೋ ಎಂದು ಒಂದು ಗಳಿಗೆ ಅನ್ನಿಸಿತು. ಕೇಳಬಾರದಿತ್ತು, ಕೇಳಿದೆ. "ನಿಮ್ಮವ್ವ ಸಿಟ್ಟಿಗೆದ್ರ ನಿಮಗ ಏನಂತ ಬೈತಿದ್ರು?"

ಅವರು ನನ್ನನ್ನು ನೋಡಿದರು. ಯಾಕೆ ಕೇಳುತ್ತಿದ್ದೇನೆಂದು ಅವರಿಗೆ ತಿಳಿಯಿತು ಎಂದೇ ನನಗೆ ಇಂದಿಗೂ ಅನ್ನಿಸುತ್ತದೆ. "ನಿನ್ನ ಬಾಯಾಗ ಮಣ್ಣ ಹಾಕ, ಅಂತಿದ್ಲು," ಎಂದು ನಕ್ಕರು. ನಗುತ್ತಲೇ ಮುಖ ಬೀದಿಯ ಕಡೆ ತಿರುಗಿಸಿದರು. ಕರೆಂಟು ಬಂದು ಕೂಲರು ಗಡಗಡ ಎನ್ನತೊಡಗಿದಾಗ ನಾನು ಎದ್ದು ಬಂದೆ.

ಮುಂದಿನ ಭಾನುವಾರದಿಂದ ಮತ್ತೆ ನಾಲ್ವರೂ ಆಡಿದೆವು. ಮೊದಮೊದಲು ನಾವೆಲ್ಲ ಬಾಯಿ ಬಿಗಿಹಿಡಿದು ಆಡಿದೆವು. ನಮ್ಮ ಕನ್ನಡ ನಿಂತುಹೋಗುತ್ತದೆ ಎಂದು ಭಾಊ ಹೆದರಿದ್ದೇ ಆಗಿತ್ತು. ಅಕ್ಕ ಮಾತ್ರ ಎರಡನೆಯ ವಾರ ಸಿಟ್ಟಿನಿಂದ, "ಭಾಊ, ಎಡಕ್ಕ ಹೋಗಬ್ಯಾಡ್ರಿ ಅಂದೆ, ಕಿವಿ ಕೇಳಂಗಿಲ್ಲೇನು?" ಎಂದು ಕೂಗಿದಳು. ಅವರು "ಆತು ಬರ್ರಿ" ಎಂದರು. ಅಲ್ಲಿಂದ ಎಲ್ಲರ ಬಾಯಿ ಬಿಚ್ಚಿತು. ನಾನು ಬಾಗಿಲಿಗೆ ಒಬ್ಬನೇ ಹೋಗುವುದನ್ನು ಬಿಟ್ಟೆ. ಗಾಯವಾದರೆ "ಅಕ್ಕಾ, ಎಲ್ಲಿದ್ದಿ?" ಎಂದು ಕೇಳಬೇಕಾಗುತ್ತಿತ್ತು. ಅದನ್ನು ಕೇಳಲು ನನಗೆ ಬಂದೂಕಿನ ನಳಿಗೆ ತಿರುಗುವುದಕ್ಕಿಂತ ಹೆಚ್ಚು ಹೊತ್ತು ಹಿಡಿಯುತ್ತಿತ್ತು. ಮಳೆಗಾಲ ಮುಗಿಯುವ ಹೊತ್ತಿಗೆ ನಾವು ಹುಡುಗರ ಜೊತೆ ಸರಿಸಮಕ್ಕೆ ಬಂದಿದ್ದೆವು. ಆಮೇಲೆ ಆಟ ಮಾಡಿದವರು ಮತ್ತೊಂದು ತಿದ್ದುಪಡಿ ಕಳಿಸಿ ಡಾಕ್ಟರ ಶಕ್ತಿಯನ್ನು ಸ್ವಲ್ಪ ಇಳಿಸಿದರು. ನಾನು ಅಕ್ಕನ ಮುಖ ನೋಡಿದೆ. ಅವಳು ಟಿಪ್ಪಣಿ ಓದಿ, "ಹೂಂ, ಇದನ್ನೂ ಕಲಿಬೇಕು" ಎಂದು ಹೆಡ್‌ಫೋನ್ ಹಾಕಿಕೊಂಡಳು.

ಮರುವರ್ಷ ಅಕ್ಕನ ಮದುವೆಯಾಗಿ ಅವಳು ಅಮರಾವತಿಗೆ ಹೋದಳು. ಮನೆಮನೆಗೆ ಇಂಟರ್ನೆಟ್ ಬಂದು ಕೆಫೆ ಝೆರಾಕ್ಸ್ ಅಂಗಡಿಯಾಯಿತು. ಕಾಕಾ ನಿವೃತ್ತರಾಗಿ ವಿಜಾಪುರಕ್ಕೆ ಹೊರಟ ದಿನ ನಾನೂ ಭಾಊ ಅವರೂ ಸ್ಟೇಷನ್ನಿಗೆ ಹೋಗಿ ಸಾಮಾನು ಹತ್ತಿಸಿದೆವು. ಭಾಊ ನೀರು ತರಲು ಇಳಿದಾಗ ಕಾಕಾ ನನ್ನ ಕೈ ಹಿಡಿದು ಎಳೆದು, ಕಿವಿಯ ಹತ್ತಿರ ಬಾಯಿ ತಂದರು.

"ಅಕ್ಕ ಓದಿದ್ದೆಲ್ಲಾ ಖರೆ ಇರಬಹುದಪ್ಪಾ. ಆದ್ರ ನನ್ನ ಯಂತ್ರ ಕಟ್ಟೂದನ್ನ ನಿಧಾನ ಮಾಡಿದ್ದು ಇವನ. ನಾ ಹೇಳತೀನಿ ನೋಡು."

ಭಾಊ ಆಗಲೇ ಕಿಟಕಿಯ ಹತ್ತಿರ ಬಂದಿದ್ದರು. ಕೇಳಿಸಿತೋ ಇಲ್ಲವೋ ಗೊತ್ತಾಗಲಿಲ್ಲ. ಕಂಬಿಗಳ ನಡುವಿನಿಂದ ಬಾಟಲಿಯನ್ನು ಒಳಗೆ ಕೊಟ್ಟು, "ಊರು ಮುಟ್ಟಿದ ಮ್ಯಾಲೆ ಫೋನ ಮಾಡ್ರಿ ಕಾಕಾ," ಎಂದರು.